ಕೊಲೆ ಕೇಸಿನಲ್ಲಿ ಸಮಾನ ಉದ್ದೇಶ: ಸಾಬೀತು ಮಾಡುವುದು ಹೇಗೆ, ಎಡವುವುದು ಎಲ್ಲಿ

‘ಮಚ್ಚು ಬೀಸಿದ್ದು ಒಬ್ಬ. ಜೊತೆಗಿದ್ದ ಮೂವರಿಗೂ ಜೀವಾವಧಿ ಯಾಕೆ?’ ಇದು ಒಂದು ಕಡೆಯವರ ಪ್ರಶ್ನೆ. ‘ನಾಲ್ಕು ಜನ ಬಂದು ಕೊಂದರು. ಕೋರ್ಟು ಒಬ್ಬನಿಗೆ ಶಿಕ್ಷೆ ಕೊಟ್ಟು ಮಿಕ್ಕವರನ್ನು ಬಿಟ್ಟಿತಲ್ಲ, ಇದೆಂಥ ನ್ಯಾಯ?’ ಇದು ಇನ್ನೊಂದು ಕಡೆಯವರದು. ಕಾನೂನು ಓದುವ ಹುಡುಗರು, ಈಗಷ್ಟೇ ಕ್ರಿಮಿನಲ್ ಕೇಸು ಹಿಡಿದ ವಕೀಲರು, ಕೇಸಿನಲ್ಲಿ ಸಿಕ್ಕಿಕೊಂಡ ಮನೆಯವರು, ಎಲ್ಲರೂ ಇದನ್ನೇ ಕೇಳುತ್ತಾರೆ. ಎರಡೂ ಪ್ರಶ್ನೆಗೆ ಉತ್ತರ ಒಂದೇ ಜಾಗದಲ್ಲಿದೆ. ಅದೇ ಸಮಾನ ಉದ್ದೇಶ. ಹಳೆಯ ಭಾರತೀಯ ದಂಡ ಸಂಹಿತೆಯಲ್ಲಿ, ಅಂದರೆ ಐಪಿಸಿಯಲ್ಲಿ, ಇದು ಕಲಂ 34. ಈಗಿನ ಭಾರತೀಯ ನ್ಯಾಯ ಸಂಹಿತೆ 2023ರಲ್ಲಿ, ಅಂದರೆ ಬಿಎನ್‌ಎಸ್‌ನಲ್ಲಿ, ಕಲಂ 3(5).

ಕಲಂ ಹೇಳುವುದು ಇಷ್ಟು: ಹಲವರು ಸೇರಿ, ಎಲ್ಲರಿಗೂ ಸಮಾನವಾದ ಉದ್ದೇಶವನ್ನು ಮುಂದುವರಿಸಲು ಒಂದು ಅಪರಾಧ ಕೃತ್ಯ ಮಾಡಿದರೆ, ಅದನ್ನು ತಾನೊಬ್ಬನೇ ಮಾಡಿದ್ದರೆ ಹೇಗೋ ಹಾಗೆ ಪ್ರತಿಯೊಬ್ಬನೂ ಹೊಣೆ. ಈ ಕಲಂ ತಾನಾಗಿ ಒಂದು ಅಪರಾಧವಲ್ಲ, ಇದಕ್ಕೆ ಅಂತ ಬೇರೆ ಶಿಕ್ಷೆಯೂ ಇಲ್ಲ. ಅದಕ್ಕೇ ಹಳೆಯ ಕೇಸುಗಳಲ್ಲಿ ‘302 ರೆ/ವಿ 34’ ಅಂತ, ಅಂದರೆ ಕೊಲೆಯ ಶಿಕ್ಷೆಯ ಕಲಂ 302ನ್ನು 34ರ ಜೊತೆ ಓದಿಕೊಳ್ಳಿ (ರೀಡ್ ವಿತ್) ಅಂತ, ಜೋಡಿಯಾಗಿ ಬರೆಯುತ್ತಿದ್ದರು. ಈಗ ಕೊಲೆಯ ಶಿಕ್ಷೆಯ ಕಲಂ 103(1), ಅದರ ಜೊತೆ 3(5).

ಒಂದು ಮಾತನ್ನು ಮೊದಲೇ ಹೇಳಿಬಿಡುತ್ತೇನೆ, ಕೆಳಗಿನದೆಲ್ಲ ಅದರ ಮೇಲೇ ನಿಂತಿದೆ. ಉದ್ದೇಶ ಹಂಚಿಕೊಂಡದ್ದೇ ಇರಬಹುದು. ಆದರೆ ಅದನ್ನು ಸಾಬೀತು ಮಾಡುವುದು ಒಬ್ಬೊಬ್ಬ ಆರೋಪಿಯ ಮೇಲೆ, ಬೇರೆ ಬೇರೆಯಾಗಿ. ಗುಂಪನ್ನು ಗುಂಪಾಗಿಯೇ ನೋಡಿದ ಕೇಸುಗಳೇ ಜಾಸ್ತಿ ಬೀಳುತ್ತವೆ. ನಿರಪರಾಧಿ ಒಳಗೆ ಹೋಗುವುದೂ ಅಲ್ಲೇ, ಅಪರಾಧಿ ಹೊರಗೆ ಬರುವುದೂ ಅಲ್ಲೇ.

ಕೂರುವ ಮುಂಚೆ ಕೈಯಲ್ಲಿ ಇರಬೇಕಾದದ್ದು

ಎಫ್‌ಐಆರ್ ಪ್ರತಿ, ಪೊಲೀಸರು ತೆಗೆದುಕೊಂಡ ಸಾಕ್ಷಿಗಳ ಹೇಳಿಕೆಗಳು, ಮ್ಯಾಜಿಸ್ಟ್ರೇಟರ ಮುಂದೆ ಕೊಟ್ಟ ಹೇಳಿಕೆ ಇದ್ದರೆ ಅದು, ಸ್ಥಳ ಮಹಜರು ಮತ್ತು ನಕ್ಷೆ, ಮರಣೋತ್ತರ ಪರೀಕ್ಷೆಯ ವರದಿ, ಗಾಯಾಳು ಇದ್ದರೆ ಗಾಯದ ಪ್ರಮಾಣಪತ್ರ, ಜಪ್ತಿ ಮಹಜರುಗಳು, ವಿಧಿವಿಜ್ಞಾನ ಪ್ರಯೋಗಾಲಯದ ವರದಿ, ಫೋನ್ ಕರೆಗಳ ವಿವರ. ಇವುಗಳಲ್ಲಿ ಮೊದಲ ಎರಡು ಮತ್ತು ಮರಣೋತ್ತರ ವರದಿ ಇಲ್ಲದೆ ಶುರು ಮಾಡಲೇಬೇಡಿ.

ಘಟನೆ ನಡೆದ ದಿನಾಂಕವನ್ನೂ ನೋಡಿಕೊಳ್ಳಿ. ಹೊಸ ಕಾನೂನುಗಳು ಜಾರಿಗೆ ಬಂದದ್ದು 2024ರ ಜುಲೈ 1ಕ್ಕೆ. ಅದಕ್ಕೆ ಮುಂಚೆ ನಡೆದ ಕೊಲೆಗೆ ಐಪಿಸಿಯೇ ಅನ್ವಯ, ಎಫ್‌ಐಆರ್ ತಡವಾಗಿ ಆಗಿದ್ದರೂ ಅಷ್ಟೇ. ಕಲಂ ನಂಬರ್ ಬದಲಾಗಿದೆ, ತತ್ವ ಬದಲಾಗಿಲ್ಲ. ಹಾಗಾಗಿ 34ರ ಮೇಲಿನ ಹಳೆಯ ತೀರ್ಪುಗಳು ಈಗಲೂ ಬೇಕೇಬೇಕು.

ಹಂತ 1: ಇದು ನಿಜವಾಗಿ ಯಾವ ಕಲಮಿನ ಕೇಸು ಅಂತ ನೋಡಿ

ಗುಂಪಿನ ಹೊಣೆಗೆ ಕಾನೂನಿನಲ್ಲಿ ಮೂರು ದಾರಿ ಇವೆ. ಇವನ್ನು ಕಲಸಿಬಿಟ್ಟರೆ ಮುಂದಿನದೆಲ್ಲ ಗೋಜಲು.

ಸಮಾನ ಉದ್ದೇಶಕ್ಕೆ ಇಬ್ಬರಿದ್ದರೂ ಸಾಕು. ಆದರೆ ಎರಡು ಸಂಗತಿ ಬೇಕು: ಮನಸ್ಸಿನಲ್ಲಿ ಹಂಚಿಕೊಂಡ ಉದ್ದೇಶ, ಮತ್ತು ಕೃತ್ಯದಲ್ಲಿ ಯಾವುದೋ ಒಂದು ರೀತಿಯ ಪಾಲು. ಅಕ್ರಮ ಕೂಟದ ಸಮಾನ ಗುರಿ ಬೇರೆ. ಅದು ಐಪಿಸಿ 149, ಈಗ ಬಿಎನ್‌ಎಸ್ 190. ಅದಕ್ಕೆ ಕನಿಷ್ಠ ಐದು ಜನ ಬೇಕು. ಅಲ್ಲಿ ಕೂಟದ ಸದಸ್ಯ, ಅದರ ಗುರಿಯಲ್ಲಿ ಪಾಲುದಾರ ಅಂತ ತೋರಿಸಿದರೆ ಅವನು ಕೈ ಎತ್ತಿದನೋ ಇಲ್ಲವೋ ಅನ್ನುವುದು ಮುಖ್ಯವಾಗುವುದಿಲ್ಲ. ಇಂಥದ್ದು ನಡೆಯಬಹುದು ಅಂತ ಅವನಿಗೆ ಗೊತ್ತಿತ್ತು ಅಂದರೂ ಸಾಕು. ಮೂರನೆಯದು ಒಳಸಂಚು, ಬಿಎನ್‌ಎಸ್ 61. ಅಲ್ಲಿ ಒಪ್ಪಂದವೇ ಅಪರಾಧ.

ಇಲ್ಲಿ ಎಡವುವುದು ಹೀಗೆ: ಐದು ಜನರ ಮೇಲೆ 149 ಹಾಕಿರುತ್ತಾರೆ, ವಿಚಾರಣೆಯಲ್ಲಿ ಇಬ್ಬರು ಖುಲಾಸೆ. ಉಳಿದವರು ಮೂವರು, ಕೂಟ ಐದರ ಕೆಳಗೆ ಇಳಿಯಿತು. ಹೆಸರು ಗೊತ್ತಿಲ್ಲದ ಬೇರೆಯವರೂ ಇದ್ದರು ಅಂತ ಸಾಕ್ಷ್ಯ ಇದ್ದರೆ ಸರಿ, ಇಲ್ಲದಿದ್ದರೆ 149 ಹೋಯಿತು. ಆಗ ಕೋರ್ಟು 34ಕ್ಕೆ ಹೊರಳಬಹುದು. ಎರಡಕ್ಕೂ ಆಧಾರವಾದ ಸಂಗತಿಗಳು ಒಂದೇ ಆಗಿದ್ದರೆ ಇದಕ್ಕೆ ಅಡ್ಡಿಯಿಲ್ಲ ಅಂತ 1954ರ ಕರ್ನೈಲ್ ಸಿಂಗ್ ತೀರ್ಪಿನಿಂದಲೂ ಇದೆ. ಆದರೆ ಸಾಕ್ಷ್ಯ ತರುವಾಗ ‘ಕೂಟದಲ್ಲಿದ್ದ’ ಅಂತ ಮಾತ್ರ ತಂದಿದ್ದರೆ, 34ಕ್ಕೆ ಬೇಕಾದ ‘ಇವನ ಪಾಲು ಏನು’ ಅನ್ನುವುದಕ್ಕೆ ಕಡತದಲ್ಲಿ ಏನೂ ಸಿಗುವುದಿಲ್ಲ. ಆದ್ದರಿಂದ 149ರ ಕೇಸಾದರೂ 34ಕ್ಕೆ ಬೇಕಾದಷ್ಟು ಸಾಕ್ಷ್ಯವನ್ನು ಮೊದಲಿಂದಲೇ ಇಟ್ಟುಕೊಳ್ಳುವುದು ಒಳ್ಳೆಯದು.

ಹಂತ 2: ಒಬ್ಬ ಆರೋಪಿಗೆ ಒಂದು ಹಾಳೆ

ನಾಲ್ವರು ಆರೋಪಿಗಳಿದ್ದರೆ ಎ1 (ಅಂದರೆ ಒಂದನೆಯ ಆರೋಪಿ), ಎ2, ಎ3, ಎ4 ಅಂತ ನಾಲ್ಕು ಬಿಡಿ ಹಾಳೆ ತೆಗೆದುಕೊಳ್ಳಿ. ಪ್ರತಿ ಹಾಳೆಯಲ್ಲೂ ಆ ಆರೋಪಿಯ ಬಗ್ಗೆ ಕಡತದಲ್ಲಿ ಇರುವ ಪ್ರತಿಯೊಂದು ವಾಕ್ಯವನ್ನು ಬರೆಯಿರಿ, ಯಾರು ಹೇಳಿದರು ಅನ್ನುವುದರ ಸಮೇತ. ಬೇಸರದ ಕೆಲಸ, ನಿಜ. ಆದರೆ ಇದನ್ನು ಮಾಡಿದ ಮೇಲೇ ನಿಮಗೆ ಗೊತ್ತಾಗುವುದು, ಎ3ರ ಹಾಳೆಯಲ್ಲಿ ‘ಎಲ್ಲರೂ ಸೇರಿ ಹೊಡೆದರು’ ಅನ್ನುವ ಒಂದೇ ಸಾಲು ಐದು ಬಾರಿ ಬಂದಿದೆ, ಬೇರೇನೂ ಇಲ್ಲ ಅಂತ.

ಈ ‘ಎಲ್ಲರೂ ಸೇರಿ’ ಅನ್ನುವ ಮಾತು ಬಹಳ ಅಪಾಯ. ಸಾಕ್ಷಿ ಸುಳ್ಳು ಹೇಳುತ್ತಿರಲಿಕ್ಕಿಲ್ಲ, ಗಾಬರಿಯಲ್ಲಿ ಕಂಡದ್ದನ್ನು ಹಾಗೆ ಹೇಳಿರುತ್ತಾನೆ, ಹೇಳಿಕೆ ಬರೆದುಕೊಂಡವರೂ ಅದನ್ನು ಬಿಡಿಸಿ ಕೇಳಿರುವುದಿಲ್ಲ. ಪಾಟೀಸವಾಲಿನಲ್ಲಿ, ಅಂದರೆ ಎದುರು ವಕೀಲರು ಪ್ರಶ್ನೆ ಕೇಳುವಾಗ, ‘ಎ3ರ ಕೈಯಲ್ಲಿ ಏನಿತ್ತು? ಎಲ್ಲಿಗೆ ಹೊಡೆದ? ಎಷ್ಟು ಸಲ?’ ಅಂತ ಕೇಳಿದರೆ ಸಾಕ್ಷಿ ತಡವರಿಸುತ್ತಾನೆ. ತನಿಖಾಧಿಕಾರಿ ಈ ಮೂರು ಪ್ರಶ್ನೆಯನ್ನು ಮೊದಲ ದಿನವೇ ಕೇಳಬೇಕಿತ್ತು.

ಇಲ್ಲಿ ಒಂದು ಎಚ್ಚರಿಕೆ, ದಯವಿಟ್ಟು ಗಮನಿಸಿ. ಖಾಲಿ ಇರುವ ಹಾಳೆಯನ್ನು ನೋಡಿ ‘ಸಾಕ್ಷಿಗೆ ಸ್ವಲ್ಪ ಹೇಳಿಕೊಟ್ಟರೆ ಆಯಿತು’ ಅಂತ ಅನ್ನಿಸಬಹುದು. ಖಂಡಿತ ಬೇಡ. ಪೊಲೀಸರ ಮುಂದೆ ಹೇಳದ ಮುಖ್ಯ ಸಂಗತಿಯನ್ನು ಕೋರ್ಟಿನಲ್ಲಿ ಹೊಸದಾಗಿ ಸೇರಿಸಿದರೆ ಆ ಬಿಟ್ಟುಹೋದದ್ದೇ ವಿರೋಧಾಭಾಸ ಅಂತ ಎಣಿಕೆಯಾಗುತ್ತದೆ. ಆ ಸಾಕ್ಷಿಯ ನಿಜವಾದ ಮಾತಿಗೂ ಬೆಲೆ ಕಮ್ಮಿಯಾಗುತ್ತದೆ. ಅದಕ್ಕಿಂತ ದೊಡ್ಡದು, ಮರಣದಂಡನೆ ಆಗಬಹುದಾದ ಕೇಸಿನಲ್ಲಿ ಯಾರನ್ನಾದರೂ ಸಿಲುಕಿಸಲು ಸುಳ್ಳು ಸಾಕ್ಷ್ಯ ಕೊಡುವುದು ಬಿಎನ್‌ಎಸ್ 230ರ ಕೆಳಗೆ ಗಂಭೀರ ಅಪರಾಧ. ಹಾಳೆ ಖಾಲಿ ಇದ್ದರೆ ಖಾಲಿ ಅಂತಲೇ ಒಪ್ಪಿಕೊಳ್ಳಿ.

ಹಂತ 3: ಘಟನೆಯನ್ನು ಕ್ಷಣ ಕ್ಷಣವಾಗಿ ಬಿಡಿಸಿ

ಇಡೀ ಕೆಲಸದಲ್ಲಿ ಜಾಸ್ತಿ ಹೊತ್ತು ಕೊಡಬೇಕಾದದ್ದು ಇಲ್ಲಿ. ಒಂದು ಕಲ್ಪಿತ ಉದಾಹರಣೆ ಇಟ್ಟುಕೊಳ್ಳೋಣ. ಹೊಲದ ಬದುವಿನ ಜಗಳ. ನಾಲ್ವರು ಎರಡು ಬೈಕಿನಲ್ಲಿ ಬಂದರು. ಎ1 ತಲೆಗೆ ಮಚ್ಚಿನಿಂದ ಎರಡು ಏಟು ಹಾಕಿದ. ಎ2 ಸತ್ತವನ ಎರಡೂ ಕೈಯನ್ನು ಹಿಂದಿನಿಂದ ಹಿಡಿದುಕೊಂಡಿದ್ದ. ಎ3 ‘ಬಿಡಬೇಡ, ಹಾಕು’ ಅಂತ ಕೂಗಿದ. ಎ4 ರಸ್ತೆಯಲ್ಲಿ ಬೈಕಿನ ಮೇಲೇ ಕೂತಿದ್ದ.

ಎ1ರ ಬಗ್ಗೆ 3(5)ರ ಗೊಡವೆಯೇ ಇಲ್ಲ, ಅವನು ತನ್ನ ಕೃತ್ಯಕ್ಕೆ ತಾನೇ ಹೊಣೆ.

ಎ2ರ ವಿಷಯದಲ್ಲಿ ‘ಕೈ ಹಿಡಿದಿದ್ದ’ ಅನ್ನುವುದು ಮೊದಲ ನೋಟಕ್ಕೆ ಸಾಕು ಅನ್ನಿಸುತ್ತದೆ. ಸಾಲದು. ಕೈ ಹಿಡಿದದ್ದು ಮಚ್ಚು ಹೊರಗೆ ಬರುವ ಮುಂಚೆಯೋ, ಬಂದ ಮೇಲೋ? ಮುಂಚೆ ಆದರೆ, ಮಚ್ಚು ಇರುವುದು ಅವನಿಗೆ ಗೊತ್ತಿತ್ತಾ? ಬಟ್ಟೆಯೊಳಗೆ ಮುಚ್ಚಿಟ್ಟುಕೊಂಡಿದ್ದನಾ, ಎಲ್ಲರಿಗೂ ಕಾಣುವ ಹಾಗೆ ಹಿಡಿದು ಬಂದನಾ? ಮೊದಲ ಏಟು ಬಿದ್ದ ಮೇಲೆ ಎ2 ಕೈ ಬಿಟ್ಟನಾ, ಎರಡನೆಯ ಏಟು ಬೀಳುವ ತನಕ ಹಿಡಿದೇ ಇದ್ದನಾ? ಈ ಕೊನೆಯ ಪ್ರಶ್ನೆ ಬಹಳ ತೂಕದ್ದು. ಬರೀ ಒಂದೆರಡು ಪೆಟ್ಟು ಕೊಡುವುದಕ್ಕೆ, ಬೈಯುವುದಕ್ಕೆ ಅಂತ ಬಂದವನು, ರಕ್ತ ಚಿಮ್ಮಿದ್ದನ್ನು ಕಂಡೂ ಹಿಡಿತ ಸಡಿಲಿಸದೆ ನಿಂತರೆ, ಅವನ ಉದ್ದೇಶ ಆ ಕ್ಷಣದಲ್ಲಿ ಎ1ರ ಉದ್ದೇಶದ ಜೊತೆ ಸೇರಿತು ಅಂತ ವಾದಿಸಬಹುದು. ಮೊದಲ ಏಟಿಗೇ ಬೆಚ್ಚಿ ಬಿಟ್ಟು ಓಡಿದ್ದರೆ ಅವನ ಉದ್ದೇಶ ಅಷ್ಟು ದೂರ ಹೋಗಿರಲಿಲ್ಲ ಅನ್ನುವುದಕ್ಕೆ ಬಲ ಬರುತ್ತದೆ.

ಸಮಾನ ಉದ್ದೇಶ ಮೊದಲೇ ಕೂತು ಮಾತಾಡಿ ಮಾಡಿದ ಯೋಜನೆ ಆಗಿರಲೇಬೇಕು ಅಂತಿಲ್ಲ. ಸ್ಥಳದಲ್ಲೇ, ಆ ಗಳಿಗೆಯಲ್ಲೇ ಹುಟ್ಟಬಹುದು. 1955ರ ಪಾಂಡುರಂಗ ವಿರುದ್ಧ ಹೈದರಾಬಾದ್ ರಾಜ್ಯ ತೀರ್ಪಿನಲ್ಲಿ ನ್ಯಾಯಮೂರ್ತಿ ವಿವಿಯನ್ ಬೋಸ್ ಇದನ್ನು ಬಿಡಿಸಿ ಹೇಳಿದ್ದಾರೆ. ಯೋಜನೆ ದೊಡ್ಡದಾಗಿರಬೇಕಿಲ್ಲ, ಹೆಚ್ಚು ಹೊತ್ತಿನ ಹಿಂದೆ ಆಗಿರಬೇಕೆಂದೂ ಇಲ್ಲ, ಆದರೆ ಏಟು ಬೀಳುವ ಮುಂಚೆ ಮನಸ್ಸುಗಳು ಒಂದಾಗಿರಬೇಕು. ಹಲವರಿಗೆ ಒಂದೇ ಥರದ ಉದ್ದೇಶ ಬೇರೆ ಬೇರೆಯಾಗಿ ಇದ್ದರೆ ಅದು ಸಮಾನ ಉದ್ದೇಶ ಆಗುವುದಿಲ್ಲ. ಎರಡರ ನಡುವಿನ ಗೋಡೆ ಬಹಳ ತೆಳು, ಆದರೂ ಅದು ನಿಜವಾದ ಗೋಡೆ.

ಆ ತೆಳು ಗೋಡೆ ಹೇಗಿರುತ್ತದೆ ಅಂತ ನೋಡಬೇಕಾದರೆ 1945ರ ಮಹಬೂಬ್ ಶಾ ಕೇಸನ್ನು ಓದಿ. ಸಿಂಧೂ ನದಿಯ ದಡದಲ್ಲಿ ಜೊಂಡು ಕೊಯ್ಯುವ ವಿಷಯಕ್ಕೆ ಜಗಳ. ಜೊಂಡು ಕೊಯ್ದು ತರುತ್ತಿದ್ದವರ ಜೊತೆ ಒಬ್ಬನಿಗೆ ಹೊಡೆದಾಟವಾಗಿ, ಅವನು ಸಹಾಯಕ್ಕೆ ಕೂಗಿದ. ಇಬ್ಬರು ಬಂದೂಕು ಹಿಡಿದು ಬಂದರು. ಅವರಲ್ಲಿ ಒಬ್ಬ ಹಾರಿಸಿದ ಗುಂಡಿಗೆ ಜೊಂಡು ತರುತ್ತಿದ್ದವರಲ್ಲಿ ಒಬ್ಬ ಸತ್ತ. ಬಂದೂಕು ಹಿಡಿದ ಎರಡನೆಯವನಾದ ಮಹಬೂಬ್ ಶಾ ಜೊಂಡಿನವರಲ್ಲೇ ಇನ್ನೊಬ್ಬನ ಮೇಲೆ ಹಾರಿಸಿದ, ಆ ಇನ್ನೊಬ್ಬನಿಗೆ ಸಣ್ಣ ಗಾಯವಾಯಿತು. ಇಬ್ಬರೂ ಒಟ್ಟಿಗೆ ಬಂದರು, ಇಬ್ಬರ ಕೈಯಲ್ಲೂ ಬಂದೂಕು, ಇಬ್ಬರೂ ಹಾರಿಸಿದರು. ಆದರೂ ಪ್ರಿವಿ ಕೌನ್ಸಿಲ್, ಅಂದರೆ ಆಗ ನಮ್ಮ ಮೇಲಿದ್ದ ಕೊನೆಯ ಕೋರ್ಟು, ಮಹಬೂಬ್ ಶಾನ ಮೇಲಿನ ಕೊಲೆಯ ತೀರ್ಪನ್ನು ರದ್ದು ಮಾಡಿತು. ಇಬ್ಬರಿಗೂ ತಮ್ಮವನನ್ನು ಬಿಡಿಸಬೇಕು ಅನ್ನುವುದಿತ್ತು, ಬೇಕಾದರೆ ಬಂದೂಕನ್ನೂ ಬಳಸಬೇಕು ಅನ್ನುವುದೂ ಇದ್ದಿರಬಹುದು. ಆದರೆ ಆ ವ್ಯಕ್ತಿಯನ್ನು ಕೊಲ್ಲಬೇಕು ಅನ್ನುವುದನ್ನು ಇಬ್ಬರೂ ಹಂಚಿಕೊಂಡಿದ್ದರು ಅನ್ನುವುದಕ್ಕೆ ಆಧಾರ ಸಿಗಲಿಲ್ಲ.

ಇನ್ನು ಎ3. ಕೂಗಿದ್ದು. ಇದು ಸ್ವಭಾವತಃ ದುರ್ಬಲ ಸಾಕ್ಷ್ಯ ಅಂತ ಸುಪ್ರೀಂ ಕೋರ್ಟು 1974ರ ಜೈನುಲ್ ಹಕ್ ಕೇಸಿನಲ್ಲೇ ಹೇಳಿದೆ. ಯಾಕೆ ಅಂದರೆ, ಮನೆಯ ಹಿರಿಯನನ್ನೋ ದ್ವೇಷ ಇರುವವನನ್ನೋ ಕೇಸಿಗೆ ಎಳೆಯಬೇಕು ಅಂದಾಗ ‘ಅವನು ಕೂಗಿದ’ ಅನ್ನುವುದು ಅತಿ ಸುಲಭ. ಆ ಮಾತು ಎಫ್‌ಐಆರ್‌ನಲ್ಲೇ ಇದೆಯಾ? ಎಷ್ಟು ಸಾಕ್ಷಿಗಳು ಕೇಳಿದ್ದಾರೆ? ಎಲ್ಲರೂ ಸುಮಾರು ಅದೇ ಮಾತು ಹೇಳುತ್ತಾರಾ? ಎ1 ಹೊಡೆದದ್ದು ಕೂಗಿದ ಮೇಲೋ, ಹೊಡೆಯುತ್ತಿದ್ದಾಗಲೋ? ‘ಹೊಡಿ’ ಅಂದನಾ, ‘ಮುಗಿಸು’ ಅಂದನಾ? ‘ಹೊಡಿ’ ಅಂದವನ ಉದ್ದೇಶ ಕೊಲೆಯೇ ಅಂತ ಸುಮ್ನೆ ಹೇಳಿಬಿಡಲು ಬರುವುದಿಲ್ಲ.

ಎ4 ಕಷ್ಟದ ಮನುಷ್ಯ. ಬರೀ ನಿಂತಿದ್ದ, ಕೂತಿದ್ದ ಅನ್ನುವುದು ಎರಡು ಕಡೆಗೂ ಹೊರಳಬಹುದು. ಕಲ್ಕತ್ತೆಯ ಶಂಕರಿತೋಲಾ ಅಂಚೆ ಕಚೇರಿಯಲ್ಲಿ 1923ರ ಆಗಸ್ಟ್ 3ರಂದು ಪೋಸ್ಟ್‌ಮಾಸ್ಟರ್ ದುಡ್ಡು ಎಣಿಸುತ್ತಿದ್ದಾಗ ಕೆಲವರು ಬಾಗಿಲಲ್ಲಿ ನಿಂತು ದುಡ್ಡು ಕೊಡು ಅಂದು ಗುಂಡು ಹಾರಿಸಿ ಕೊಂದರು. ಸಿಕ್ಕಿಬಿದ್ದ ಬಾರೇಂದ್ರ ಕುಮಾರ್ ಘೋಷ್, ‘ನಾನು ಹೊರಗೆ ಅಂಗಳದಲ್ಲಿ ನಿಂತಿದ್ದೆ, ಹಾರಿಸಿದ್ದು ನಾನಲ್ಲ’ ಅಂದ. ಪ್ರಿವಿ ಕೌನ್ಸಿಲ್ ಒಪ್ಪಲಿಲ್ಲ. ಕಾಯುತ್ತಾ ನಿಲ್ಲುವುದೂ ಕೆಲಸದ ಒಂದು ಪಾಲೇ ಅಂತ ಹೇಳಿತು. ಇನ್ನೊಂದು ಕಡೆ, 2001ರ ಸುರೇಶ್ ವಿರುದ್ಧ ಉತ್ತರ ಪ್ರದೇಶ ಕೇಸಿನಲ್ಲಿ ಅಣ್ಣತಮ್ಮಂದಿರ ಆಸ್ತಿ ಜಗಳಕ್ಕೆ ಒಂದು ಕುಟುಂಬವನ್ನೇ ಕಡಿದಿದ್ದರು. ಆ ಹೊತ್ತಿನಲ್ಲಿ ಮುಖ್ಯ ಆರೋಪಿಯ ಹೆಂಡತಿ ಮನೆಯ ಹೊರಗೆ ರಸ್ತೆಯಲ್ಲಿ ನಿಂತಿದ್ದಳು. ಅಲ್ಲಿದ್ದಳು ಅನ್ನುವುದು ಬಿಟ್ಟರೆ ಅವಳ ಪಾಲಿನದು ಅಂತ ಬೇರೇನೂ ಇರಲಿಲ್ಲ. ಅವಳ ಬಿಡುಗಡೆಯನ್ನು ಸುಪ್ರೀಂ ಕೋರ್ಟು ಎತ್ತಿಹಿಡಿಯಿತು.

ಅಂದರೆ ಎ4ರ ಹಾಳೆಯಲ್ಲಿ ಬರೆಯಬೇಕಾದ ಪ್ರಶ್ನೆಗಳು: ಅವನು ಅಲ್ಲಿ ಯಾಕಿದ್ದ? ಅವನ ಕೈಯಲ್ಲಿ ಏನಿತ್ತು? ಯಾರಾದರೂ ಬಿಡಿಸಲು ಬಂದಾಗ ತಡೆದನಾ? ಇಂಜಿನ್ ಚಾಲೂ ಇತ್ತಾ? ಎ1ನನ್ನು ಹತ್ತಿಸಿಕೊಂಡು ಹೋದನಾ, ಒಬ್ಬನೇ ಹೋದನಾ? ಅವನು ಇಲ್ಲದಿದ್ದರೆ ಈ ಕೆಲಸ ಹೀಗೆ ನಡೆಯುತ್ತಿತ್ತಾ? ಇವಕ್ಕೆ ಒಂದಕ್ಕೂ ಉತ್ತರ ಇಲ್ಲದಿದ್ದರೆ ಎ4 ಬರೀ ಅಲ್ಲಿದ್ದ ಮನುಷ್ಯ, ಅಷ್ಟೇ. ಅಂಥವನನ್ನು ‘ಇರಲಿ’ ಅಂತ ಪಟ್ಟಿಗೆ ಸೇರಿಸುವುದು ಅನ್ಯಾಯ ಅಂತಲೇ ನನ್ನ ಅಭಿಪ್ರಾಯ. ಒಬ್ಬನ ವರ್ಷಗಳು ಜೈಲಿನಲ್ಲಿ, ಕೋರ್ಟಿನ ಓಡಾಟದಲ್ಲಿ ಹೋಗುತ್ತವೆ, ಜೊತೆಗೆ ಅವನ ಮೇಲಿನ ಟೊಳ್ಳು ಸಾಕ್ಷ್ಯ ಎ1ರ ಮೇಲಿನ ಗಟ್ಟಿ ಸಾಕ್ಷ್ಯದ ಮೇಲೂ ಅನುಮಾನ ತರುತ್ತದೆ.

ಹಂತ 4: ಮುಂಚಿನದು ಮತ್ತು ಆಮೇಲಿನದು

ಉದ್ದೇಶ ತಲೆಯೊಳಗಿನ ಸಂಗತಿ, ನೇರ ಸಾಕ್ಷಿ ಸಿಗುವುದು ಅಪರೂಪ. ನಡತೆಯಿಂದ, ಸಂದರ್ಭದಿಂದ ಊಹಿಸಬೇಕು. ಇದಕ್ಕೆ ಸಾಕ್ಷ್ಯ ಅಧಿನಿಯಮ 2023ರ ಕಲಂ 6 ಕೆಲಸಕ್ಕೆ ಬರುತ್ತದೆ (ಹಳೆಯದರಲ್ಲಿ ಕಲಂ 8). ಕಾರಣ, ಸಿದ್ಧತೆ, ಹಿಂದಿನ ಮುಂದಿನ ನಡತೆ, ಮೂರೂ ಪ್ರಸ್ತುತ.

ಘಟನೆಗೆ ಮುಂಚೆ ಯಾರು ಯಾರನ್ನು ಕರೆದರು, ಒಟ್ಟಿಗೆ ಬಂದರಾ, ಆಯುಧ ಎಲ್ಲಿಂದ ಬಂತು, ಬರುವಾಗಲೇ ಕೈಯಲ್ಲಿತ್ತಾ ಅಥವಾ ಅಲ್ಲೇ ಬಿದ್ದಿದ್ದ ಗುದ್ದಲಿ ಎತ್ತಿಕೊಂಡರಾ. ಸ್ಥಳದಲ್ಲಿ ಸಿಕ್ಕಿದ ವಸ್ತುವಿನಿಂದ ಒಬ್ಬ ಹೊಡೆದರೆ, ಅದು ಮಿಕ್ಕವರಿಗೆ ಮೊದಲೇ ಗೊತ್ತಿತ್ತು ಅನ್ನುವುದು ಕಷ್ಟ. ಆಮೇಲೆ ಒಟ್ಟಿಗೆ ಓಡಿದರಾ, ಆಯುಧ ಮುಚ್ಚಿಟ್ಟರಾ, ಗಾಯಾಳುವಿಗೆ ನೀರು ಕೊಡಲು ಬಂದವರನ್ನು ತಡೆದರಾ. ಓಡಿಹೋದದ್ದೊಂದೇ ಅಪರಾಧದ ಗುರುತಲ್ಲ, ಹೆದರಿದವನೂ ಓಡುತ್ತಾನೆ.

ಫೋನ್ ವಿವರದ ಬಗ್ಗೆ ಒಂದು ಮಾತು. ಕರೆಗಳ ಪಟ್ಟಿ ಎರಡು ಸಿಮ್‌ಗಳ ನಡುವೆ ಕರೆ ಹೋಯಿತು, ಆ ಫೋನು ಯಾವ ಟವರಿನ ವ್ಯಾಪ್ತಿಯಲ್ಲಿತ್ತು ಅಂತ ಹೇಳುತ್ತದೆ. ಏನು ಮಾತಾಡಿದರು ಅಂತ ಹೇಳುವುದಿಲ್ಲ. ಅಣ್ಣತಮ್ಮಂದಿರು ದಿನಾ ಹತ್ತು ಸಲ ಮಾತಾಡುವವರಾದರೆ ಅವತ್ತಿನ ಹತ್ತು ಕರೆಗೆ ಅರ್ಥವೇ ಇಲ್ಲ. ಹಿಂದಿನ ವಾರಗಳ ಪಟ್ಟಿಯನ್ನೂ ತರಿಸಿ ಹೋಲಿಸಿ.

ಸಿಸಿಟಿವಿ, ವಾಟ್ಸಾಪ್, ಕರೆ ಪಟ್ಟಿ ಎಲ್ಲಕ್ಕೂ, ಈ ಪ್ರತಿ ಯಾವ ಸಾಧನದಿಂದ ಹೇಗೆ ಬಂತು ಅಂತ ಹೇಳುವ ಪ್ರಮಾಣಪತ್ರ ಬೇಕು, ಮೂಲ ಸಾಧನವನ್ನೇ ಕೋರ್ಟಿಗೆ ತಂದು ಸಾಬೀತು ಮಾಡಿದರೆ ಬೇರೆ ಮಾತು. ಹಳೆಯ ಸಾಕ್ಷ್ಯ ಅಧಿನಿಯಮದ 65ಬಿ, ಈಗ ಕಲಂ 63. ಇದು ಕಡ್ಡಾಯ ಅಂತ 2020ರಲ್ಲಿ ಅರ್ಜುನ್ ಪಂಡಿತರಾವ್ ಖೋತ್ಕರ್ ಕೇಸಿನಲ್ಲಿ ಸುಪ್ರೀಂ ಕೋರ್ಟು ಸ್ಪಷ್ಟ ಮಾಡಿದೆ. ಹೊಸ ಕಾನೂನಿನ ಪ್ರಮಾಣಪತ್ರದಲ್ಲಿ ಎರಡು ಭಾಗ ಇವೆ, ಒಂದನ್ನು ಹಾಜರುಪಡಿಸುವವರು, ಇನ್ನೊಂದನ್ನು ತಜ್ಞರು ತುಂಬಬೇಕು. ನಾಲ್ವರೂ ಒಟ್ಟಿಗೆ ಬರುವುದು ಕ್ಯಾಮೆರಾದಲ್ಲಿ ಸ್ವಚ್ಛವಾಗಿ ಕಾಣುತ್ತಿದ್ದರೂ ಈ ಕಾಗದ ಇಲ್ಲದೆ ಅದು ಸಾಕ್ಷ್ಯಕ್ಕೆ ಸೇರದೇ ಹೋಗಬಹುದು.

ಹಂತ 5: ಗಾಯಗಳನ್ನು ಕೈಗಳಿಗೆ ಹೊಂದಿಸಿ

ಮರಣೋತ್ತರ ವರದಿಯ ಗಾಯಗಳ ಪಟ್ಟಿಯನ್ನು ಎದುರಿಗಿಟ್ಟುಕೊಂಡು ಪ್ರತಿ ಗಾಯದ ಎದುರು ಯಾರು, ಯಾವ ಆಯುಧ ಅಂತ ಬರೆಯಿರಿ. ನಾಲ್ವರೂ ಮಚ್ಚಿನಿಂದ ಕೊಚ್ಚಿದರು ಅಂತ ಸಾಕ್ಷಿ ಹೇಳಿ, ವರದಿಯಲ್ಲಿ ಕತ್ತರಿಸಿದ ಗಾಯ ಎರಡೇ ಇದ್ದರೆ ಏನೋ ತಪ್ಪಿದೆ. ಮೊಂಡು ವಸ್ತುವಿನ ಜಜ್ಜಿದ ಗಾಯ ಇದ್ದು ದೊಣ್ಣೆ ಹಿಡಿದವರು ಯಾರೂ ಇಲ್ಲ ಅಂದರೂ ಹಾಗೇ.

ಸಾವಿಗೆ ಕಾರಣವಾದ ಗಾಯ ಯಾವುದು? ಅದೊಂದೇ ಸಾಮಾನ್ಯ ಸ್ಥಿತಿಯಲ್ಲಿ ಸಾವು ತರಲು ಸಾಕಾಗಿತ್ತಾ? ಮಿಕ್ಕ ಗಾಯಗಳು ದೇಹದ ಯಾವ ಭಾಗದಲ್ಲಿವೆ? ಉಳಿದವರು ಕಾಲಿಗೆ, ಬೆನ್ನಿಗೆ ಮಾತ್ರ ಹೊಡೆದಿದ್ದರೆ ಅವರ ಉದ್ದೇಶ ಕೈಕಾಲು ಮುರಿಯುವ ತನಕ ಮಾತ್ರ ಇತ್ತು ಅನ್ನುವ ವಾದ ಗಟ್ಟಿಯಾಗುತ್ತದೆ. ತಲೆ, ಕುತ್ತಿಗೆ, ಎದೆಗೇ ಗುರಿ ಇಟ್ಟಿದ್ದರೆ ಬೇರೆ ಚಿತ್ರ.

ತೀರಾ ಸಣ್ಣದು, ಆದರೆ ಮರೆತುಹೋಗುವುದು: ಜಪ್ತಿ ಮಾಡಿದ ಆಯುಧವನ್ನು ಕೋರ್ಟಿನಲ್ಲಿ ವೈದ್ಯರಿಗೆ ತೋರಿಸಿ, ‘ಈ ಗಾಯ ಇದರಿಂದ ಆಗಬಹುದೇ’ ಅಂತ ಕೇಳಬೇಕು.

ಹಂತ 6: ಒಬ್ಬನ ಬಾಯಿಂದ ಇನ್ನೊಬ್ಬನನ್ನು ಹಿಡಿಯಲು ಹೋಗಬೇಡಿ

‘ಎ1 ಪೊಲೀಸರ ಮುಂದೆ ಎಲ್ಲ ಒಪ್ಪಿಕೊಂಡಿದ್ದಾನೆ, ಎ2 ಎ3 ಹೆಸರನ್ನೂ ಹೇಳಿದ್ದಾನೆ’ ಅಂತ ಮನೆಯವರು ಸಮಾಧಾನ ಮಾಡಿಕೊಂಡಿರುತ್ತಾರೆ. ಪೊಲೀಸರ ಮುಂದಿನ ತಪ್ಪೊಪ್ಪಿಗೆ ಸಾಕ್ಷ್ಯವಲ್ಲ. ಅದರಿಂದ ಏನಾದರೂ ವಸ್ತು ಪತ್ತೆಯಾದರೆ, ಆ ಪತ್ತೆಗೆ ನೇರವಾಗಿ ಸಂಬಂಧಿಸಿದ ಮಾತು ಮಾತ್ರ ಒಳಗೆ ಬರುತ್ತದೆ. ಇದು 1947ರ ಪುಲುಕುರಿ ಕೊಟ್ಟಯ್ಯ ತೀರ್ಪಿನಿಂದ ನಡೆದುಬಂದ ನಿಯಮ. ‘ಮಚ್ಚನ್ನು ಬಾವಿಯ ಪಕ್ಕ ಹೂತಿದ್ದೇನೆ, ತೋರಿಸುತ್ತೇನೆ’ ಬರುತ್ತದೆ. ‘ಎ2 ಹಿಡಿದುಕೊಂಡ, ನಾನು ಹೊಡೆದೆ’ ಬರುವುದಿಲ್ಲ.

ಮ್ಯಾಜಿಸ್ಟ್ರೇಟರ ಮುಂದೆ ಕೊಟ್ಟ ತಪ್ಪೊಪ್ಪಿಗೆ ಆದರೂ, ಜೊತೆ ಆರೋಪಿಯ ವಿರುದ್ಧ ಅದರ ಶಕ್ತಿ ಕಮ್ಮಿ. ಮೊದಲು ಬೇರೆ ಸಾಕ್ಷ್ಯ ನಿಲ್ಲಬೇಕು, ಆಮೇಲೆ ಇದು ಒತ್ತಾಸೆಗೆ. 1952ರ ಕಾಶ್ಮೀರಾ ಸಿಂಗ್ ಕೇಸು ಇದಕ್ಕೆ ಆಧಾರ. ಒಳಸಂಚಿನ ಕೇಸಿನಲ್ಲಿ ಒಬ್ಬನ ಮಾತನ್ನು ಇನ್ನೊಬ್ಬನ ವಿರುದ್ಧ ಬಳಸಬಹುದು ನಿಜ, ಆದರೆ ಅದು ಸಂಚು ಜೀವಂತ ಇದ್ದಾಗ ಆಡಿದ ಮಾತು. ಬಂಧನವಾದ ಮೇಲೆ ಹಿಂದಿನ ಕಥೆ ಹೇಳಿದ್ದು ಅದಕ್ಕೆ ಸೇರುವುದಿಲ್ಲ.

ಇನ್ನು ಹುಡುಕಾಟ, ಜಪ್ತಿಗಳನ್ನು ಆಡಿಯೋ ವಿಡಿಯೋ ಮಾಡಬೇಕು ಅಂತ ತನಿಖೆ, ವಿಚಾರಣೆಯ ವಿಧಾನದ ಹೊಸ ಕಾನೂನಾದ ನಾಗರಿಕ ಸುರಕ್ಷಾ ಸಂಹಿತೆಯ, ಅಂದರೆ ಬಿಎನ್‌ಎಸ್‌ಎಸ್‌ನ ಕಲಂ 105 ಹೇಳುತ್ತದೆ. ಪಂಚರು, ಅಂದರೆ ಮಹಜರಿನ ಸಾಕ್ಷಿಗಳು, ತಿರುಗಿಬಿದ್ದಾಗ ಆ ವಿಡಿಯೋವೇ ಕೈಹಿಡಿಯುತ್ತದೆ. ಮಾಡಿದ್ದಾರಾ ಅಂತ ಕೇಳಿ.

ಹಂತ 7: ದೋಷಾರೋಪ ಮತ್ತು ಆರೋಪಿಗೆ ಕೇಳುವ ಪ್ರಶ್ನೆ

ದೋಷಾರೋಪ ಅಂದರೆ ಪೊಲೀಸರ ಚಾರ್ಜ್‌ಶೀಟ್ ಅಲ್ಲ. ನ್ಯಾಯಾಧೀಶರು ‘ನಿನ್ನ ಮೇಲೆ ಇರುವ ಆಪಾದನೆ ಇದು’ ಅಂತ ರೂಪಿಸಿ ಓದಿ ಹೇಳುವುದು. ಅದರಲ್ಲಿ 3(5) ಅಥವಾ 34 ಬಿಟ್ಟುಹೋದರೆ ಕೇಸು ಸತ್ತೇಹೋಗುವುದಿಲ್ಲ. ಆರೋಪಿಗೆ ತನ್ನ ಮೇಲಿನ ಆಪಾದನೆ ಏನು ಅಂತ ಗೊತ್ತಿತ್ತಾ, ಬಿಟ್ಟುಹೋದದ್ದರಿಂದ ಅವನ ರಕ್ಷಣೆಗೆ ಪೆಟ್ಟು ಬಿತ್ತಾ ಅಂತ ಕೋರ್ಟು ನೋಡುತ್ತದೆ (1956ರ ವಿಲ್ಲಿ ಸ್ಲೇನಿ ತೀರ್ಪು). ಆದರೂ ಅಷ್ಟು ದೂರ ಯಾಕೆ ಹೋಗಬೇಕು? ತೀರ್ಪಿನ ಮುಂಚೆ ಯಾವಾಗ ಬೇಕಾದರೂ ದೋಷಾರೋಪ ತಿದ್ದಲು ಬಿಎನ್‌ಎಸ್‌ಎಸ್ 239ರಲ್ಲಿ ಅವಕಾಶ ಇದೆ.

ಇದಕ್ಕಿಂತ ಹೆಚ್ಚು ಪೆಟ್ಟು ಬೀಳುವುದು ಸಾಕ್ಷ್ಯ ಮುಗಿದ ಮೇಲೆ ಆರೋಪಿಯನ್ನು ಕೇಳುವ ಹಂತದಲ್ಲಿ, ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 313, ಈಗ ಬಿಎನ್‌ಎಸ್‌ಎಸ್ 351. ಅಲ್ಲಿ ನಾಲ್ವರಿಗೂ ಒಂದೇ ಅಚ್ಚಿನ ಪ್ರಶ್ನೆ ಕೇಳಿ ಮುಗಿಸಿದರೆ, ‘ನೀನು ಕೈ ಹಿಡಿದಿದ್ದೆ ಅಂತ ಸಾಕ್ಷಿ ಹೇಳಿದ್ದಾನೆ, ಏನು ಹೇಳುತ್ತೀಯ’ ಅಂತ ಎ2ಗೆ ಕೇಳದೇ ಹೋದರೆ, ಆ ಸಂಗತಿಯನ್ನು ಅವನ ವಿರುದ್ಧ ಬಳಸುವುದಕ್ಕೆ ಮೇಲಿನ ಕೋರ್ಟಿನಲ್ಲಿ ತಕರಾರು ಬರುತ್ತದೆ. ಹಂತ 2ರ ಹಾಳೆಗಳು ಇಲ್ಲಿ ನೇರವಾಗಿ ಉಪಯೋಗಕ್ಕೆ ಬರುತ್ತವೆ. ಒಂದು ಹಾಳೆಯ ಒಂದು ಸಾಲಿಗೆ ಒಂದು ಪ್ರಶ್ನೆ.

ಹಂತ 8: ಕೆಲವರು ಖುಲಾಸೆಯಾದರೆ, ಸಮಾನ ಉದ್ದೇಶ ನಿಲ್ಲದಿದ್ದರೆ

ನಾಲ್ವರಲ್ಲಿ ಮೂವರು ಖುಲಾಸೆಯಾಗಿ ಒಬ್ಬನೇ ಉಳಿದರೆ, ಅವನಿಗೆ 34ರ ನೆರವಿನಿಂದ ಶಿಕ್ಷೆ ಕೊಡಬಹುದಾ? ಖುಲಾಸೆಯಾದ ಅದೇ ಮೂವರಲ್ಲಿ ಯಾರದೋ ಜೊತೆ ಸೇರಿ ಮಾಡಿದ ಅಂತ ಹೇಳಲು ಬರುವುದಿಲ್ಲ. 1963ರ ಕೃಷ್ಣ ಗೋವಿಂದ ಪಾಟೀಲ್ ಕೇಸಿನಲ್ಲಿ ಹೈಕೋರ್ಟು ಹಾಗೆ ಮಾಡಿತ್ತು, ಸುಪ್ರೀಂ ಕೋರ್ಟು ತಳ್ಳಿಹಾಕಿತು. ಬೇರೆ ಯಾರೋ, ಹೆಸರು ಗೊತ್ತಿರಲಿ ಇಲ್ಲದಿರಲಿ, ಜೊತೆಗಿದ್ದರು ಅಂತ ಸಾಕ್ಷ್ಯವೂ ದೋಷಾರೋಪವೂ ಹೇಳಬೇಕು. ಇಲ್ಲವೇ ಆ ಒಬ್ಬನ ಸ್ವಂತ ಕೃತ್ಯವೇ ಸಾಬೀತಾಗಬೇಕು.

ಸಮಾನ ಉದ್ದೇಶ ಇತ್ತು, ಆದರೆ ಕೊಲೆಯ ಮಟ್ಟಕ್ಕೆ ಅಲ್ಲ ಅಂತಾದರೆ ಎಲ್ಲ ಮುಗಿಯಿತು ಅಂದುಕೊಳ್ಳಬೇಡಿ. ಸೇರಿ ತೀವ್ರವಾಗಿ ಗಾಯ ಮಾಡುವ ಉದ್ದೇಶ ಇತ್ತು ಅಂತ ನಿಂತರೆ ಆಯುಧದಿಂದ ತೀವ್ರ ಗಾಯ ಮಾಡಿದ ಕಲಂ 118(2) ಜೊತೆ 3(5) ಬರಬಹುದು. ಕೊಲೆಯಲ್ಲದ ನರಹತ್ಯೆಯ ಎರಡನೆಯ ಭಾಗ, ಅಂದರೆ ಬರೀ ‘ಸಾಯಬಹುದು’ ಅನ್ನುವ ತಿಳಿವಳಿಕೆಯ ಮೇಲೆ ನಿಂತ ಅಪರಾಧಕ್ಕೂ 34 ಜೋಡಿಸಬಹುದು ಅಂತ 1964ರ ಅಫ್ರಾಹಿಂ ಶೇಖ್ ತೀರ್ಪು ಹೇಳಿದೆ. ಬಿಎನ್‌ಎಸ್ 3(9)ನ್ನೂ ಓದಿ: ಒಂದೇ ಕೃತ್ಯದಲ್ಲಿ ತೊಡಗಿದ ಹಲವರು, ಅವರವರ ಮನಸ್ಸಿಗೆ ತಕ್ಕಂತೆ, ಬೇರೆ ಬೇರೆ ಅಪರಾಧಕ್ಕೆ ಹೊಣೆಯಾಗಬಹುದು.

ನಮ್ಮ ಬದುವಿನ ಜಗಳದಲ್ಲಿ ಇದರ ಅರ್ಥ ಹೀಗೆ. ಎ1ಗೆ ಕೊಲೆ. ಎರಡನೆಯ ಏಟಿನ ತನಕ ಹಿಡಿದೇ ಇದ್ದ ಎ2ಗೆ ಕೊಲೆ ಜೊತೆ 3(5). ಎ3ರ ಕೂಗನ್ನು ಒಬ್ಬನೇ ಸಾಕ್ಷಿ, ಅದೂ ತಿಂಗಳ ನಂತರ ಹೇಳಿದ್ದರೆ ಅವನು ಖುಲಾಸೆ. ಎ4 ಇಂಜಿನ್ ಚಾಲೂ ಇಟ್ಟು ಮಚ್ಚಿನ ಸಮೇತ ಎ1ನನ್ನು ಹತ್ತಿಸಿಕೊಂಡು ಹೋದದ್ದು ಕ್ಯಾಮೆರಾದಲ್ಲಿದ್ದರೂ, ಬರುವ ಮುಂಚೆ ಅವನಿಗೆ ಏನು ಗೊತ್ತಿತ್ತು ಅನ್ನುವುದಕ್ಕೆ ಇನ್ನೊಂದು ಆಧಾರ ಹುಡುಕಬೇಕು. ಅದು ಸಿಗದಿದ್ದರೆ, ಅಪರಾಧಿಗೆ ಆಸರೆ ಕೊಟ್ಟ ಆರೋಪದ ಕಡೆ ನೋಡಿ. ಅದಕ್ಕೆ ಬೇರೆ ಕಲಂ ಇದೆ, ದೋಷಾರೋಪವನ್ನೂ ಬೇರೆಯಾಗಿಯೇ ಕೇಳಬೇಕು.